ಕುಂಚ, ಉಳಿ ಹಿಡಿದ ಪೋಷಕ ನಟರು ಯಾರಾದರೂ ಇದ್ದಾರೆಯೇ? ಅಥವಾ ಅದೆಲ್ಲ ವಯಸ್ಸಾದ ಮೇಲಿನ ಹವ್ಯಾಸವೇ?

ನನಗೆ ಥಟ್ಟನೆ ನೆನಪಾಗುವವರು ಹಾಲಿವುಡ್ ನಟ ಆಂಟನಿ ಕ್ವಿನ್. ಆದರೆ 'ವಯಸ್ಸಾದ ಮೇಲಿನ ಹವ್ಯಾಸ' ಅಂದಿರಲ್ಲ, ಅಲ್ಲಿ ನನ್ನ ತಕರಾರಿದೆ. ಈ ಮನುಷ್ಯ ಮುಖಕ್ಕೆ ಬಣ್ಣ ಹಚ್ಚುವ ಮೊದಲೇ ಕಾಗದಕ್ಕೆ ಹಚ್ಚಿದವರು.

ಮೊದಲು ಒಂದು ಗೊಂದಲ ಬಿಡಿಸಿಬಿಡುತ್ತೇನೆ. 'ಮೆಕೆನ್ನಾಸ್ ಗೋಲ್ಡ್' ನೋಡಿದ ನಮ್ಮ ಹಿರಿಯರಲ್ಲಿ ಕೆಲವರು ಅದರಲ್ಲಿ ಕ್ವಿನ್ ಇದ್ದಾರೆ ಎಂದು ಪಟ್ಟು ಹಿಡಿಯುತ್ತಾರೆ. ಅದರಲ್ಲಿರುವುದು ಆಂಟನಿ ಕ್ವೇಲ್ ಎಂಬ ಬೇರೆ ನಟ. 'ಗನ್ಸ್ ಆಫ್ ನವರೋನ್', 'ಲಾರೆನ್ಸ್ ಆಫ್ ಅರೇಬಿಯಾ' ಎರಡರಲ್ಲೂ ಇಬ್ಬರೂ ಇರುವುದರಿಂದ ಈ ಎಡವಟ್ಟು.

ಕ್ವಿನ್ ಹುಟ್ಟಿದ್ದು 1915ರಲ್ಲಿ, ಕ್ರಾಂತಿಯ ನಡುವಿನ ಮೆಕ್ಸಿಕೋದ ಚಿವಾವಾದಲ್ಲಿ. ಬೆಳೆದದ್ದು ಲಾಸ್ ಏಂಜಲೀಸ್‌ನ ಬಡ ಕೇರಿಗಳಲ್ಲಿ. ಅಪ್ಪ ಬೇಗ ತೀರಿಕೊಂಡರು. ಹುಡುಗನಿಗೆ ಚಿತ್ರ ಬರೆಯುವ ಹುಚ್ಚು, ಮಣ್ಣು-ಪ್ಲಾಸ್ಟರ್ ಕಂಡರೆ ಕೈ ಸುಮ್ಮನಿರುತ್ತಿರಲಿಲ್ಲ. ವಾಸ್ತುಶಿಲ್ಪದಲ್ಲೂ ಆಸಕ್ತಿ ಬೆಳೆದು ಕೊನೆಗೆ ಹೋಗಿ ನಿಂತದ್ದು ಅಮೆರಿಕದ ಹೆಸರಾಂತ ವಾಸ್ತುಶಿಲ್ಪಿ ಫ್ರಾಂಕ್ ಲಾಯ್ಡ್ ರೈಟ್ ಎದುರು. ಕ್ವಿನ್ ಹೇಳಿಕೊಂಡಂತೆ, ಹುಡುಗನ ಮಾತು ತೊದಲುವುದನ್ನು ಗಮನಿಸಿದ ರೈಟ್, ನಾಲಿಗೆಯ ಅಡಿಯ ಬಿಗಿಪೊರೆಗೆ ಶಸ್ತ್ರಚಿಕಿತ್ಸೆ ಮಾಡಿಸಿಕೋ ಎಂದರು. ಅದಾದ ಮೇಲೆ ಉಚ್ಚಾರಣೆ ತಿದ್ದಿಕೊಳ್ಳಲು ನಾಟಕದ ಶಾಲೆಗೆ ಸೇರಿದ್ದು. ಕಟ್ಟಡ ಕಟ್ಟಬೇಕಿದ್ದವನು ನಟನಾದ ಕಥೆ ಇಷ್ಟೇ. 1936ರ ಹೊತ್ತಿಗೆ ಸಿನಿಮಾದಲ್ಲಿದ್ದರು.

ಹಾಲಿವುಡ್ ಅವರ ಕಂದು ಮುಖಕ್ಕೆ ಕೊಟ್ಟದ್ದು 'ಪರದೇಶಿ' ಪಾತ್ರಗಳನ್ನು. ರೆಡ್ ಇಂಡಿಯನ್, ಅರಬ, ಹೂಣರ ದೊರೆ ಅಟ್ಟಿಲ, ಎಸ್ಕಿಮೋ, 'ಜೋರ್ಬಾ ದಿ ಗ್ರೀಕ್' ಸಿನಿಮಾದ ಜೋರ್ಬಾ, ಒಮ್ಮೆ ರಷ್ಯಾದಿಂದ ಬಂದ ಪೋಪ್ ಕೂಡ! ಎರಡು ಆಸ್ಕರ್ ಬಂದವು, ಎರಡೂ ಪೋಷಕ ಪಾತ್ರಕ್ಕೆ. ಮೊದಲನೆಯದು 1952ರ 'ವಿವಾ ಜಪಾಟಾ!'ಗೆ. ಎರಡನೆಯದು ನಿಮ್ಮ ಪ್ರಶ್ನೆಗೆ ನೇರ ಸಂಬಂಧಿಸಿದ್ದು: 1956ರ 'ಲಸ್ಟ್ ಫಾರ್ ಲೈಫ್'ನಲ್ಲಿ ಅವರು ಚಿತ್ರಕಾರ ಪಾಲ್ ಗೋಗ್ಯಾನ್. ವ್ಯಾನ್ ಗೋ ಆಗಿದ್ದ ಕರ್ಕ್ ಡಗ್ಲಸ್‌ಗೆ ಪ್ರಶಸ್ತಿ ಬರಲಿಲ್ಲ, 'ಜಪಾಟಾ'ದಲ್ಲಿ ಮರ್ಲನ್ ಬ್ರಾಂಡೊಗೂ ಬಂದಿರಲಿಲ್ಲ. ನಾಯಕರನ್ನು ಬಿಟ್ಟು ಎರಡು ಸಲವೂ ಪಕ್ಕದಲ್ಲಿದ್ದವನಿಗೆ.

ಚಿತ್ರ, ಶಿಲ್ಪಗಳನ್ನು ಜನರ ಮುಂದೆ ದೊಡ್ಡ ಮಟ್ಟದಲ್ಲಿ ಇಟ್ಟದ್ದು ಮಾತ್ರ ತಡವಾಗಿ, 1982ರಲ್ಲಿ ಹವಾಯಿಯ ಹೊನೊಲುಲುವಿನಲ್ಲಿ. ಆಗ ವಯಸ್ಸು 67ರ ಆಸುಪಾಸು. ಆಮೇಲೆ ಸಿನಿಮಾ ಕಡಿಮೆಯಾಗುತ್ತಾ ಸ್ಟುಡಿಯೊ ಹೆಚ್ಚಾಯಿತು. ಕೊನೆಯ ವರ್ಷಗಳನ್ನು ಅಮೆರಿಕದ ರೋಡ್ ಐಲ್ಯಾಂಡ್‌ನ ಬ್ರಿಸ್ಟಲ್ ಊರಲ್ಲಿ ಕಳೆದರು. 2001ರಲ್ಲಿ ತೀರಿಕೊಂಡಾಗ ಮಣ್ಣು ಮಾಡಿದ್ದೂ ಅದೇ ಮನೆಯ ಹಿತ್ತಲಲ್ಲಿ.

ಕೃತಿಗಳು ಹೇಗಿವೆ ಅಂದರೆ, ಎದುರಿಗೆ ನಿಂತು ನೋಡಿದವನಲ್ಲ ನಾನು, ಫೋಟೊಗಳಲ್ಲಿ ಕಂಡದ್ದಷ್ಟೇ. ಬಣ್ಣದ ಚಿತ್ರಗಳು ನನಗೆ ಅಷ್ಟಾಗಿ ಹಿಡಿಸಲಿಲ್ಲ. ಪಿಕಾಸೊ ನೆರಳು ದಟ್ಟವಾಗಿದೆ, ಕೆಲವು ಕಡೆ ಹೆಸರು ಮುಚ್ಚಿ ತೋರಿಸಿದರೆ ಯಾರದು ಅಂತ ತಡವರಿಸಬೇಕು. ಶಿಲ್ಪ ಹಾಗಲ್ಲ. ಆಕೃತಿಯನ್ನು ಸವೆಸಿ ಸವೆಸಿ ಒಂದು ಬಾಗಿನಲ್ಲಿ ತಂದು ನಿಲ್ಲಿಸುವ ಹಠ ಕಾಣುತ್ತದೆ. ಜೋರ್ಬಾ ಕೈ ಚಾಚಿ ಕುಣಿಯುವಾಗ ಭುಜದಿಂದ ಬೆರಳ ತುದಿವರೆಗೆ ಒಂದೇ ಗೆರೆ ಓಡುತ್ತದಲ್ಲ, ಆ ಥರ. ಮೈಯ ಭಾರ ಎಲ್ಲಿ ಬೀಳುತ್ತದೆ ಎಂದು ದಶಕಗಟ್ಟಲೆ ಕ್ಯಾಮೆರಾ ಮುಂದೆ ಕಲಿತವರಿಗೆ ಅದು ಸಿಕ್ಕಿರಬೇಕು. ಇದು ನನ್ನ ಊಹೆ, ಕಲಾವಿಮರ್ಶಕರು ಒಪ್ಪದೇ ಹೋಗಬಹುದು.

ಬರೀ ಹವ್ಯಾಸವಾಗಿದ್ದರೆ ಅದು ಅವರೊಬ್ಬರಲ್ಲೇ ಮುಗಿಯುತ್ತಿತ್ತು. 1966ರಲ್ಲಿ ರೋಮ್‌ನಲ್ಲಿ ಹುಟ್ಟಿದ ಮಗ ಲೊರೆಂಜೊ ಕೂಡ ಮೊದಲು ನಟ. ಅಪ್ಪ ಗೋಗ್ಯಾನ್ ಆದರೆ ಮಗ ಒಂದು ಸಿನಿಮಾದಲ್ಲಿ ಚಿತ್ರಕಾರ ಸಾಲ್ವಡಾರ್ ಡಾಲಿ ಆಗಿದ್ದ! ಆಮೇಲೆ ನಟನೆ ಬಿಟ್ಟು ಪೂರ್ತಿ ಶಿಲ್ಪಿಯಾದ. 2017ರಲ್ಲಿ ವೆನಿಸ್‌ನ ದೊಡ್ಡ ಕಾಲುವೆಯಿಂದ ಎರಡು ಬಿಳಿ ದೈತ್ಯ ಕೈಗಳು ಮೇಲೆದ್ದು ಹೋಟೆಲಿನ ಗೋಡೆಗೆ ಆನಿಸಿಕೊಂಡಿದ್ದ ಫೋಟೊ ನೀವು ವಾಟ್ಸಾಪ್‌ನಲ್ಲಿ ನೋಡಿಯೇ ಇರುತ್ತೀರಿ. ಅದು ಲೊರೆಂಜೊ ಮಾಡಿದ್ದು. ಮಾದರಿಗೆ ಬಳಸಿದ್ದು ತನ್ನ ಮಗನ ಕೈಗಳನ್ನು, ಅಂದರೆ ಆಂಟನಿ ಕ್ವಿನ್ ಮೊಮ್ಮಗನ ಕೈಗಳನ್ನು.