ಮುಂದೆ ಮೂರು, ಹಿಂದೆ ಮೂರು: ಹಳೇ ಹೋಂಡಾ ಎಡಿಕ್ಸ್ ಕೊಳ್ಳಬಹುದಾ?

ನಿಮ್ಮ ಪ್ರಶ್ನೆ ನನಗೆ ಅರ್ಥವಾದದ್ದು ಹೀಗೆ. ನೀವು ಜಪಾನಿನ ನಗೋಯಾಗೆ ಬಂದು ಒಂದು ವರ್ಷ. ಮನೆಯಲ್ಲಿ ಗಂಡ ಹೆಂಡತಿ, ಏಳು ಮತ್ತು ನಾಲ್ಕು ವರ್ಷದ ಇಬ್ಬರು ಮಕ್ಕಳು. ಊರಿಂದ ಅಪ್ಪ ಅಮ್ಮ ಬರುವವರಿದ್ದಾರೆ. ಕಾರು ಹುಡುಕುವಾಗ 2007ರ ಹೋಂಡಾ ಎಡಿಕ್ಸ್ ಕಣ್ಣಿಗೆ ಬಿದ್ದಿದೆ. ಮುಂದೆ ಮೂರು ಸೀಟು ನೋಡಿ ಮನಸ್ಸು ಅಲ್ಲೇ ನಿಂತಿದೆ. ಕೊಳ್ಳಬಹುದಾ, ಕೊಂಡರೆ ಏನೇನು ನೋಡಬೇಕು ಅಂತ ಕೇಳಿದ್ದೀರಿ.

ನಾನು ಹಮಮಾತ್ಸುವಿನಲ್ಲಿದ್ದೇನೆ. ಆರು ವರ್ಷದಿಂದ ಎಡಿಕ್ಸ್ ಓಡಿಸುತ್ತಿದ್ದೇನೆ. ಸೋಯಿಚಿರೋ ಹೋಂಡಾ ತಮ್ಮ ಹೋಂಡಾ ಕಂಪನಿ ಶುರು ಮಾಡಿದ ಊರು ಇದು. ಆದರೆ ಇಲ್ಲೂ ನನ್ನ ಕಾರಿನ ಜೋಡಿ ಇನ್ನೊಂದು ಎದುರಾಗೋದು ವರ್ಷಕ್ಕೆ ಎರಡೋ ಮೂರೋ ಸಲ. ಎದುರಾದಾಗ ಇಬ್ಬರೂ ಸ್ವಲ್ಪ ತಲೆ ಬಾಗಿಸುತ್ತೇವೆ.

ನೇರವಾಗಿ ಹೇಳುತ್ತೇನೆ. ಮುಂದಿನ ನಡು ಸೀಟನ್ನು ವಾರಕ್ಕೆ ಎರಡು ಮೂರು ದಿನವಾದರೂ ಬಳಸುತ್ತೀರಿ ಅಂದರೆ ಕೊಳ್ಳಿ. ಅಪ್ಪ ಅಮ್ಮ ಬಂದಾಗ ಮಾತ್ರ ಬೇಕು ಅಂದರೆ ಬೇಡ. ಆಗ ದೊಡ್ಡ ಕಾರು ಬಾಡಿಗೆಗೆ ತಗೊಳ್ಳಿ, ಉಳಿದ ದಿನಕ್ಕೆ ಸಾಧಾರಣ ಕಾರು ಸಾಕು. ಆ ಒಂದು ಸೀಟು ತೆಗೆದುಬಿಟ್ಟರೆ ಎಡಿಕ್ಸ್‌ನಲ್ಲಿ ಬೇರೆ ವಿಶೇಷ ಏನೂ ಇಲ್ಲ.

ಆ ಸೀಟಿನ ಕತೆ ಸ್ವಲ್ಪ ಕೇಳಿ. ಎಡಿಕ್ಸ್ ಬಂದದ್ದು 2004ರ ಜುಲೈನಲ್ಲಿ, ನಿಂತದ್ದು 2009ರಲ್ಲಿ. ಎಡಿಟ್ ಮತ್ತು ಸಿಕ್ಸ್ ಎರಡನ್ನೂ ಕೂಡಿಸಿದ ಹೆಸರು. ಆರು ಸೀಟುಗಳನ್ನು ನಿಮಗೆ ಬೇಕಾದ ಹಾಗೆ ಜೋಡಿಸಿಕೊಳ್ಳಿ ಅನ್ನೋದು ಅದರ ಅರ್ಥ. ಮುಂದೆ ಮೂರು ಸೀಟು ನಮಗೇನು ಹೊಸದಲ್ಲ, ಅಲ್ವಾ? ಅಂಬಾಸಿಡರ್‌ನ ಉದ್ದ ಸೀಟು, ಸ್ಟೀರಿಂಗ್ ಪಕ್ಕದ ಹ್ಯಾಂಡ್ ಗೇರು, ಡ್ರೈವರ್ ಪಕ್ಕ ಇಬ್ಬರು ದೊಡ್ಡವರು, ಅವರ ತೊಡೆ ಮೇಲೆ ಒಂದು ಮಗು. ಧರ್ಮಸ್ಥಳಕ್ಕೆ ಹಾಗೆ ಹೋಗದ ಮನೆ ನಮ್ಮ ಕಡೆ ಕಡಿಮೆ. ಅಲ್ಲಿ ಮೂವರ ಭುಜ ಒಂದಕ್ಕೊಂದು ತಿಕ್ಕುತ್ತಿತ್ತು. ಎಡಿಕ್ಸ್ ಮಾಡಿದವರು ಕೈಹಾಕಿದ್ದು ಈ ಭುಜದ ಜಗಳಕ್ಕೇ.

ಇಲ್ಲಿ ಆರೂ ಸೀಟು ಬೇರೆ ಬೇರೆ. ಮುಂದಿನ ನಡು ಸೀಟು 270 ಮಿಲಿಮೀಟರ್ ಹಿಂದಕ್ಕೆ ಜರುಗುತ್ತದೆ. ಹಿಂದಿನ ನಡು ಸೀಟು 170 ಮಿಲಿಮೀಟರ್. ನಡುವಿನವರು ಹಿಂದೆ ಸರಿದಾಗ ಮೂವರ ಭುಜವೂ ಒಂದೇ ಗೆರೆಯಲ್ಲಿ ಇರೋದಿಲ್ಲ. ಮೇಲಿಂದ ನೋಡಿದರೆ ಇಂಗ್ಲಿಷಿನ ವಿ ಅಕ್ಷರದ ಹಾಗೆ ಕಾಣುತ್ತದೆ. ಗೇರು ತಿರುಗಿಸುವಾಗ ನನ್ನ ಮೊಣಕೈ ಯಾರ ಪಕ್ಕೆಗೂ ತಾಗುವುದಿಲ್ಲ. ಗೇರಿನ ಕಡ್ಡಿಯನ್ನೂ ನೆಲದಿಂದ ಎತ್ತಿ ಡ್ಯಾಶ್‌ಬೋರ್ಡಿಗೆ ಹಾಕಿದ್ದಾರೆ, ನಡುವಿನವರ ಕಾಲಿಗೆ ಜಾಗ ಆಗಲಿ ಅಂತ. ಯಾರೂ ಕೂರದಿದ್ದಾಗ ಆ ಸೀಟಿನ ಬೆನ್ನನ್ನು ಮುಂದಕ್ಕೆ ಮಡಚಿದರೆ ಮೇಜು. ಬುತ್ತಿ ಡಬ್ಬಿ ಇಡೋಕೆ ಸರಿಯಾದ ಎತ್ತರ.

ಹಾಗಂತ ಅಲ್ಲಿ ಎಲ್ಲರೂ ಆರಾಮಾಗಿ ಕೂರುತ್ತಾರೆ ಅಂದುಕೊಳ್ಳಬೇಡಿ. ನಡು ಸೀಟು ಉಳಿದವಕ್ಕಿಂತ ಕಿರಿದು. ಆರಡಿ ಗಂಡಸು ಕೂತರೆ ಮಂಡಿ ಡ್ಯಾಶ್‌ಬೋರ್ಡಿನ ಹತ್ತಿರ ಹೋಗುತ್ತದೆ. ಅದನ್ನು ಪೂರ್ತಿ ಹಿಂದೆ ಸರಿಸಿದರೆ ಅದರ ಹಿಂದೆ ಕೂತವರ ಕಾಲಿಗೆ ಜಾಗ ಕಡಿಮೆಯಾಗುತ್ತದೆ. ಅದಕ್ಕೇ ಹಿಂದಿನ ನಡು ಸೀಟೂ ಸರಿಯೋದು. ನನ್ನ ಅನುಭವದಲ್ಲಿ ಮುಂದಿನ ನಡುವಿಗೆ ಹೇಳಿ ಮಾಡಿಸಿದವರು ಎಂಟರಿಂದ ಹನ್ನೆರಡು ವರ್ಷದ ಮಕ್ಕಳು, ಇಲ್ಲವೇ ನಮ್ಮ ಅಮ್ಮನಂಥ ಗಿಡ್ಡ ಜನ.

ನಿಮ್ಮ ನಾಲ್ಕು ವರ್ಷದ ಮಗುವಿನ ವಿಷಯ. ಜಪಾನ್ ಕಾನೂನಿನ ಪ್ರಕಾರ ಆರು ವರ್ಷದೊಳಗಿನ ಮಕ್ಕಳಿಗೆ ಚೈಲ್ಡ್ ಸೀಟು ಬೇಕೇ ಬೇಕು. ಅದನ್ನು ಹಿಂದಿನ ಬದಿ ಸೀಟಿನಲ್ಲೇ ಹಾಕಿ. ಮುಂದಿನ ನಡುವಿನಲ್ಲಿ ಹಾಕುವ ಆಸೆ ಇದ್ದರೆ ಮೊದಲು ಕಾರಿನ ಪುಸ್ತಕ ಓದಿ, ಇಲ್ಲವೇ ಓದಿಸಿಕೊಳ್ಳಿ. ಮಗು ಹಿಂದಕ್ಕೆ ಮುಖ ಮಾಡಿ ಕೂರುವ ಸೀಟನ್ನಂತೂ ಏರ್‌ಬ್ಯಾಗಿನ ಎದುರಿಗೆ ಯಾವತ್ತೂ ಇಡಬೇಡಿ.

ಇಷ್ಟು ಚೆನ್ನಾಗಿದ್ದರೆ ಯಾಕೆ ಮಾರಾಟವಾಗಲಿಲ್ಲ ಅಂತ ಕೇಳುತ್ತೀರಿ. ಅಗಲ. ಜಪಾನಿನಲ್ಲಿ 1.7 ಮೀಟರ್ ಅಗಲದೊಳಗಿದ್ದು, ಎಂಜಿನ್ 2000 ಸಿಸಿ ದಾಟದ ಕಾರಿಗೆ 5ರಿಂದ ಶುರುವಾಗುವ ನಂಬರು ಸಿಗುತ್ತದೆ. ಅದು ದಾಟಿದರೆ 3ರ ನಂಬರು. ಇಲ್ಲಿನ ಗಲ್ಲಿಗಳಲ್ಲಿ ಓಡಿಸುವವರಿಗೆ ಆ 1.7 ಮೀಟರ್ ಒಂದು ಲಕ್ಷ್ಮಣರೇಖೆ. ಮೂವರನ್ನು ಪಕ್ಕಪಕ್ಕ ಕೂರಿಸಬೇಕಲ್ಲ, ಎಡಿಕ್ಸ್ 1,795 ಮಿಲಿಮೀಟರ್ ಅಗಲ ಆಯಿತು. ಉದ್ದ ಮಾತ್ರ 4,285. ಗಿಡ್ಡ, ಅಗಲ, ಸ್ವಲ್ಪ ಎತ್ತರ. ಪಕ್ಕದ ಮನೆ ಅಜ್ಜಿ ಇದನ್ನು ಆಮೆ ಅಂತ ಕರೆಯುತ್ತಾರೆ. ನನಗೂ ಈಗ ಹಾಗೇ ಕಾಣುತ್ತದೆ.

ಇನ್ನೊಂದು ಕಾರಣ ಬಾಗಿಲು. ಎಡಿಕ್ಸ್‌ಗೆ ಸಾಧಾರಣ ಕಾರಿನ ಹಾಗೆ ಹೊರಕ್ಕೆ ತೆರೆಯುವ ಬಾಗಿಲು. ಮಕ್ಕಳಿರುವ ಮನೆಯವರು ಆ ಹೊತ್ತಿಗಾಗಲೇ ಜಾರುವ ಬಾಗಿಲಿಗೆ ಒಗ್ಗಿಹೋಗಿದ್ದರು. ಹೋಂಡಾದ್ದೇ ಮೊಬಿಲಿಯೋ 2001ರಿಂದ ಇತ್ತು. ಜಾರುವ ಬಾಗಿಲು, 5ರ ನಂಬರು, ಏಳು ಸೀಟು. 2008ರಲ್ಲಿ ಫ್ರೀಡ್ ಬಂತು. ಅದರ ಉದ್ದ ಎಡಿಕ್ಸ್‌ಗಿಂತ ಕಡಿಮೆ, ಅಗಲವೂ ಕಡಿಮೆ, ಸೀಟು ಜಾಸ್ತಿ. ಅಲ್ಲಿಗೆ ಎಡಿಕ್ಸ್ ಕತೆ ಮುಗಿದ ಹಾಗೇ ಆಯಿತು.

ಆದರೆ ಒಂದು ವಿಷಯದಲ್ಲಿ ಫ್ರೀಡ್ ಸೋಲುತ್ತದೆ. ಸಣ್ಣ ಕಾರಿನಲ್ಲಿ ಮೂರು ಸಾಲು ಸೀಟು ಹಾಕಿದರೆ ಕೊನೇ ಸಾಲಿನ ಹಿಂದೆ ಡಿಕ್ಕಿ ಅಂತ ಉಳಿಯೋದು ಒಂದು ಗೇಣು. ಎಡಿಕ್ಸ್‌ನಲ್ಲಿ ಆರು ಜನ ಕೂತ ಮೇಲೂ ಪೂರ್ತಿ ಡಿಕ್ಕಿ ಹಾಗೇ ಇರುತ್ತದೆ. ವಿಮಾನ ನಿಲ್ದಾಣದಿಂದ ಅಪ್ಪ ಅಮ್ಮನನ್ನು ಕರೆತರುವಾಗ ಇದರ ಬೆಲೆ ಗೊತ್ತಾಗುತ್ತದೆ. ಎರಡು ದೊಡ್ಡ ಸೂಟ್‌ಕೇಸು, ಅದರ ಮೇಲೆ ಹಗ್ಗ ಕಟ್ಟಿದ ಒಂದು ರಟ್ಟಿನ ಪೆಟ್ಟಿಗೆ. ಒಳಗೆ ಉಪ್ಪಿನಕಾಯಿ ಅಂತ ಬೇರೆ ಹೇಳಬೇಕಾ?

ಈ ಜಾತಿಯ ಕಾರು ಬೇರೆಯವೂ ಇದ್ದವು. ಫಿಯಟ್ ಮಲ್ಟಿಪ್ಲಾ 1998ರಲ್ಲೇ ಮುಂದೆ ಮೂರು, ಹಿಂದೆ ಮೂರು ಮಾಡಿತ್ತು, ಆದರೆ ಜಪಾನಿಗೆ ಬಲಗಡೆ ಸ್ಟೀರಿಂಗಿನದು ಬರಲೇ ಇಲ್ಲ. ನಿಸ್ಸಾನ್ ಟೀನೋದಲ್ಲೂ ಮುಂದೆ ಮೂವರು ಕೂರುವ ಮಾದರಿ ಇತ್ತು. ಎಡಿಕ್ಸ್ ಯುರೋಪಿನಲ್ಲಿ ಎಫ್‌ಆರ್-ವಿ ಎಂಬ ಹೆಸರಲ್ಲಿ ಮಾರಾಟವಾಯಿತು. ಅಲ್ಲಿ 2.2 ಲೀಟರ್ ಡೀಸೆಲ್, ಆರು ಗೇರಿನ ಮ್ಯಾನುಯಲ್ ಕೂಡ ಸಿಗುತ್ತಿತ್ತು. ಲಂಡನ್ನಿನ ಗೆಳೆಯನೊಬ್ಬ ಅದನ್ನು ಹೊಗಳಿ ಹೊಗಳಿ ನನ್ನ ಹೊಟ್ಟೆ ಉರಿಸುತ್ತಾನೆ.

ಇನ್ನು ಯಾವುದನ್ನು ಕೊಳ್ಳೋದು. ಶುರುವಿನಲ್ಲಿ 1.7 ಮತ್ತು 2.0 ಲೀಟರ್ ಎಂಜಿನ್ ಇದ್ದವು. 2006ರ ಕೊನೆಯಲ್ಲಿ 1.7 ನಿಲ್ಲಿಸಿ 2.4 ಸೇರಿಸಿದರು. ಕಾಗದದಲ್ಲಿ ಚಾಸಿ ನಂಬರಿನ ಮೊದಲ ಮೂರು ಅಕ್ಷರ ನೋಡಿದರೆ ಎಲ್ಲ ಗೊತ್ತಾಗುತ್ತದೆ. ಬಿಇ1 ಅಂದರೆ 1.7, ಬಿಇ2 ಅದರ ಫೋರ್ ವೀಲ್ ಡ್ರೈವ್. ಬಿಇ3 ಅಂದರೆ 2.0, ಬಿಇ4 ಅದರ ಫೋರ್ ವೀಲ್ ಡ್ರೈವ್. ಬಿಇ8 ಅಂದರೆ 2.4. ನನ್ನ ಓಟು ಬಿಇ3ಗೆ. 1.7ಕ್ಕೆ ಆರು ಜನ ಭಾರ, ಬೆಟ್ಟದ ರಸ್ತೆಯಲ್ಲಿ ಏದುಸಿರು ಬಿಡುತ್ತದೆ. ಅದಕ್ಕೆ ಟೈಮಿಂಗ್ ಬೆಲ್ಟ್ ಬೇರೆ. ಒಂದು ಲಕ್ಷ ಕಿಲೋಮೀಟರ್ ಹತ್ತಿರ ಬದಲಾಯಿಸಿದ ರಸೀದಿ ಇಲ್ಲದಿದ್ದರೆ ಆ ಖರ್ಚು ನಿಮ್ಮದೇ ಅಂದುಕೊಳ್ಳಿ. 2.0 ಮತ್ತು 2.4ಕ್ಕೆ ಚೈನ್. ಸರಿಯಾಗಿ ಆಯಿಲ್ ಬದಲಾಯಿಸಿದ್ದರೆ ಆ ಎಂಜಿನ್ ಬಗ್ಗೆ ಚಿಂತೆ ಬೇಡ. 2.4 ಖುಷಿ ಕೊಡುತ್ತದೆ ನಿಜ, ತೆರಿಗೆ ಮಾತ್ರ ಒಂದು ಮೆಟ್ಟಿಲು ಮೇಲೆ.

ತೆರಿಗೆ ಅಂದಾಗ ನೆನಪಾಯಿತು. ಇಲ್ಲಿ ಕಾರಿಗೆ 13 ವರ್ಷ ದಾಟಿದರೆ ದಂಡ ಹಾಕಿದ ಹಾಗೇ. 1.5ರಿಂದ 2 ಲೀಟರ್ ಎಂಜಿನ್‌ಗೆ ವರ್ಷಕ್ಕೆ 39,500 ಯೆನ್ ಇದ್ದದ್ದು ಸುಮಾರು 45,400 ಆಗುತ್ತದೆ. 2.4ಕ್ಕೆ ಸುಮಾರು 51,700. ಎರಡು ವರ್ಷಕ್ಕೊಮ್ಮೆ ಶಾಕೆನ್, ಅಂದರೆ ಕಾರು ರಸ್ತೆಗೆ ಯೋಗ್ಯವಾ ಅಂತ ನೋಡುವ ಕಡ್ಡಾಯ ತಪಾಸಣೆ ಹೊತ್ತಿಗೆ ತೂಕದ ತೆರಿಗೆ ಬೇರೆ. 18 ವರ್ಷ ದಾಟಿದ ಕಾರು 1,500 ಕೆಜಿಯೊಳಗೆ ಇದ್ದರೆ 37,800 ಯೆನ್, ಅದು ದಾಟಿದರೆ 50,400. ಫೋರ್ ವೀಲ್ ಡ್ರೈವ್ ನೋಡುತ್ತಿದ್ದರೆ ಶಾಕೆನ್ ಪತ್ರದಲ್ಲಿ ತೂಕದ ಸಾಲು ಓದಿ. ಕಾರಿನ ಬೆಲೆ ಅಗ್ಗ ಅಂತ ಹಿಗ್ಗಿ ಈ ಲೆಕ್ಕ ಮರೆತವರು ಜಾಸ್ತಿ. ನಾನೂ ಅವರಲ್ಲಿ ಒಬ್ಬ.

ಫೋರ್ ವೀಲ್ ಡ್ರೈವ್ ಬಗ್ಗೆ ಸ್ವಂತ ಕತೆ ಇದೆ. ನನ್ನದು ಬಿಇ4. ಕೊಂಡಾಗ ಮಾರಿದವನು ಹಿಂದಿನ ಡಿಫರೆನ್ಶಿಯಲ್ (ಹಿಂದಿನ ಎರಡು ಚಕ್ರಕ್ಕೆ ಬಲ ಹಂಚುವ ಗೇರುಪೆಟ್ಟಿಗೆ) ಆಯಿಲ್ ಹೊಸದು ಅಂದ. ನಂಬಿದೆ. ಎರಡೇ ವಾರದಲ್ಲಿ ಪಾರ್ಕಿಂಗ್‌ನಲ್ಲಿ ಸ್ಟೀರಿಂಗ್ ಪೂರ್ತಿ ತಿರುಗಿಸಿದರೆ ಹಿಂದಿನಿಂದ ಎಮ್ಮೆ ಗುರುಗುಟ್ಟಿದ ಹಾಗೆ ಸದ್ದು. ಈ ಕಾಲದ ಹೋಂಡಾ ಫೋರ್ ವೀಲ್ ಡ್ರೈವ್‌ನಲ್ಲಿ ಹಿಂದೆ ಎರಡು ಪಂಪು ಇರುತ್ತವೆ. ಮುಂದಿನ ಚಕ್ರ ಜಾರಿದಾಗ ಎಣ್ಣೆಯ ಒತ್ತಡದಿಂದ ಹಿಂದಿನ ಚಕ್ರಕ್ಕೆ ಬಲ ಹೋಗುತ್ತದೆ. ಅದಕ್ಕೆ ಬೇಕಾದ್ದು ಹೋಂಡಾದ ಬೇರೆಯೇ ಆಯಿಲ್. ಅದು ಹಳತಾದರೆ ಹೀಗೇ ಗುರುಗುಟ್ಟುತ್ತದೆ. ಬದಲಾಯಿಸಿದ ಮೇಲೆ ಸದ್ದು ಹೋಯಿತು. ಹಾಗಾಗಿ ನೋಡಲು ಹೋದಾಗ ಖಾಲಿ ಜಾಗದಲ್ಲಿ ಎರಡು ಕಡೆಗೂ ಪೂರ್ತಿ ಸ್ಟೀರಿಂಗ್ ತಿರುಗಿಸಿ ನಿಧಾನಕ್ಕೆ ಸುತ್ತು ಹಾಕಿ, ರೇಡಿಯೋ ಆಫ್ ಮಾಡಿ ಕೇಳಿ. ನಗೋಯಾದಲ್ಲಿ ನಿಮಗೆ ಫೋರ್ ವೀಲ್ ಡ್ರೈವ್ ಬೇಕಾಗೋದೂ ಇಲ್ಲ ಬಿಡಿ. ಅಂಥ ಕಾರು ಹೊಕ್ಕಾಯ್ಡೋ, ತೋಹೋಕು ಕಡೆಯಿಂದ ಬಂದಿದ್ದರೆ ಹಿಮಕ್ಕೆ ಚೆಲ್ಲುವ ಉಪ್ಪಿನಿಂದ ಕೆಳಗೆಲ್ಲ ತುಕ್ಕು ಹಿಡಿದಿರಬಹುದು. ಟಾರ್ಚು ಹಾಕಿ ಅಡಿಗೆ ಬಗ್ಗಿ ನೋಡಿ.

ಇನ್ನು ಸೀಟಿನ ಹಳಿ. ಬೇರೆ ಕಾರಿನಲ್ಲಿ ಯಾರೂ ನೋಡುವುದಿಲ್ಲ, ಇದರಲ್ಲಿ ಮೊದಲು ನೋಡಬೇಕಾದ್ದೇ ಅದು. ಎರಡೂ ನಡು ಸೀಟನ್ನು ಪೂರ್ತಿ ಮುಂದೆ, ಪೂರ್ತಿ ಹಿಂದೆ ಎಳೆದು ನೋಡಿ. ಪ್ರತಿ ಸಲ ಕಟಕ್ ಅಂತ ಕೂರಬೇಕು. ನಮ್ಮ ಮನೆಯಲ್ಲಿ ಒಮ್ಮೆ ಮುಂದಿನದು ಅರ್ಧದಲ್ಲಿ ಸಿಕ್ಕಿಹಾಕಿಕೊಂಡಿತು. ಕೆದಕಿದರೆ ಒಂದು 10 ಯೆನ್ ನಾಣ್ಯ, ಅದರ ಸುತ್ತ ಚಕ್ಕುಲಿ ಪುಡಿ. ತಪ್ಪು ಕಾರಿನದಲ್ಲ, ಮಗನದು. ಆರೂ ಬೆಲ್ಟ್ ಎಳೆದು ಬಿಡಿ, ಸಲೀಸಾಗಿ ಒಳಗೆ ಹೋಗಬೇಕು. ಇದರ ಸೀಟಿನ ಬಿಡಿಭಾಗ ಬೇರೆ ಯಾವ ಕಾರಿನದೂ ಹೊಂದುವುದಿಲ್ಲ. ಎಂಜಿನ್ ಭಾಗ ಸುಲಭ, ಅವೇ ಎಂಜಿನ್ ಆ ಕಾಲದ ಎಷ್ಟೋ ಹೋಂಡಾಗಳಲ್ಲಿವೆ. ಏರ್‌ಬ್ಯಾಗ್ ರೀಕಾಲ್ (ದೋಷ ಸರಿಪಡಿಸಲು ಕಂಪನಿ ಕಾರನ್ನು ವಾಪಸು ಕರೆಯೋದು) ಬಾಕಿ ಇದೆಯಾ ಅಂತ ಚಾಸಿ ನಂಬರು ಕೊಟ್ಟು ಪರೀಕ್ಷಿಸಿಕೊಳ್ಳಿ. ಟಕಾಟಾ ಕಂಪನಿಯ ಏರ್‌ಬ್ಯಾಗಿನ ಕೆಲವು ರೀಕಾಲ್ ಬಾಕಿ ಇದ್ದರೆ 2018ರಿಂದ ಶಾಕೆನ್ ಪಾಸೇ ಆಗುವುದಿಲ್ಲ.

ಪಾರ್ಕಿಂಗ್. ನೀವು ಅಪಾರ್ಟ್‌ಮೆಂಟಿನಲ್ಲಿದ್ದರೆ ಇದನ್ನು ಈಗಲೇ ನೋಡಿ. ಇಲ್ಲಿನ ಹಳೇ ಯಂತ್ರದ ಪಾರ್ಕಿಂಗ್‌ಗಳಲ್ಲಿ ಸಾಮಾನ್ಯವಾಗಿ 1,550 ಮಿಲಿಮೀಟರ್ ಎತ್ತರದ ಮಿತಿ ಇರುತ್ತದೆ. ಎಡಿಕ್ಸ್ ಅದಕ್ಕಿಂತ ಎತ್ತರ, ಒಳಗೆ ಹೋಗುವುದಿಲ್ಲ. ಅಗಲದ ಮಿತಿಯನ್ನೂ ಕೇಳಿ. ಕಾರು ನಿಲ್ಲಿಸಲು ಮನೆಯಿಂದ ಎರಡು ಕಿಲೋಮೀಟರ್ ಒಳಗೆ ಜಾಗ ಇದೆ ಅಂತ ಪೊಲೀಸರ ಪತ್ರ ಇಲ್ಲದೆ ನೋಂದಣಿಯೂ ಆಗದು, ಅದು ನಿಮಗೆ ಗೊತ್ತಿರಬಹುದು.

ಓಡಿಸಲು ಹೇಗಿದೆ? ಅಗಲ ಇರೋದರಿಂದ ತಿರುವಿನಲ್ಲಿ ಎತ್ತರದ ವ್ಯಾನುಗಳ ಹಾಗೆ ಓಲಾಡುವುದಿಲ್ಲ. ಶಿನ್-ತೋಮೇ ಹೆದ್ದಾರಿಯಲ್ಲಿ ಗೋಟೆಂಬಾ ಕಡೆಗೆ 120ರ ಮಿತಿ ಇರುವ ಜಾಗದಲ್ಲಿ ಗಾಳಿ ಸದ್ದು ಸ್ವಲ್ಪ ಜೋರು. ಮುಂದೆ ಮೂವರು ಇದ್ದರೆ ಮಾತಿಗೆ ಬರವಿಲ್ಲ, ಅದೂ ಗೊತ್ತಾಗುವುದಿಲ್ಲ.

ಮುಂದೆ ಊರಿಗೆ ತಗೊಂಡು ಹೋಗಬಹುದಾ ಅಂತಲೂ ಕೊನೆಯಲ್ಲಿ ಕೇಳಿದ್ದೀರಿ. ಆಗದು. ಹೊರಗಿನಿಂದ ಭಾರತಕ್ಕೆ ತರುವ ಸೆಕೆಂಡ್ ಹ್ಯಾಂಡ್ ಕಾರು ಮೂರು ವರ್ಷಕ್ಕಿಂತ ಹಳೆಯದಾಗಿರಬಾರದು ಅನ್ನುತ್ತದೆ ನಿಯಮ.

ನೋಡಲು ಹೋಗುವಾಗ ಟೇಪು, ಟಾರ್ಚು, ಜೊತೆಗೆ ಇಬ್ಬರೂ ಮಕ್ಕಳನ್ನು ಕರೆದುಕೊಂಡು ಹೋಗಿ. ಮುಂದಿನ ನಡು ಸೀಟಿಗೆ ಯಾರು ಅಂತ ಅಲ್ಲೇ ಜಗಳ ಶುರುವಾದರೆ ಆ ಸೀಟು ಖಾಲಿ ಉಳಿಯುವುದಿಲ್ಲ ಅಂತ ಗೊತ್ತಾಯಿತು, ಬೆಲೆ ಮಾತಾಡಿ. ನಮ್ಮ ಅಪ್ಪ ಬಂದಾಗ ಇಬ್ಬರು ಮೊಮ್ಮಕ್ಕಳನ್ನೂ ಹಿಂದಕ್ಕೆ ಕಳಿಸಿ, ತಾವೇ ನಡುವೆ ಕೂತು, ಬೆಲ್ಟ್ ಹಾಕಿಕೊಂಡು ಗೇರಿನ ಮೇಲೆ ಕೈ ಇಟ್ಟರು. ಮೂವತ್ತು ವರ್ಷ ಅಂಬಾಸಿಡರ್ ಓಡಿಸಿದವರು. ಕೈ ತೆಗೆಸಲು ಹಮಾನಾ ಸರೋವರ ದಾಟಬೇಕಾಯಿತು.