ಒಂದು ಮನೆಯಿಂದ ಕೈಗೆ ಉಳಿಯುವುದೆಷ್ಟು?

ಕೇಬಲ್ ಮತ್ತು ಇಂಟರ್‌ನೆಟ್ ವ್ಯವಹಾರದ ಬಗ್ಗೆ ಓದುಗರ ಪ್ರಶ್ನೆಗಳಿಗೆ ಕಡೂರಿನ ಹಳೆಯ ಕೇಬಲ್ ಆಪರೇಟರ್ ಒಬ್ಬರ ಉತ್ತರ

ಪ್ರಶ್ನೆ: ಅಣ್ಣಾ, ಅರಸೀಕೆರೆ ತಾಲ್ಲೂಕಿನ ಒಂದು ಹೋಬಳಿ ಊರಿನಲ್ಲಿ 24 ವರ್ಷದಿಂದ ಕೇಬಲ್ ನಡೆಸುತ್ತಿದ್ದೇನೆ. ಒಂದು ಕಾಲಕ್ಕೆ 640 ಮನೆ ಇತ್ತು, ಈಗ 270. ಮಗ ಇಂಟರ್‌ನೆಟ್ ಹಾಕೋಣ ಅನ್ನುತ್ತಾನೆ. ಒಂದು ಐಎಸ್‌ಪಿ (ಇಂಟರ್‌ನೆಟ್ ಒದಗಿಸುವ) ಕಂಪನಿಯವರು ಪ್ಲಾನ್ ದುಡ್ಡಿನಲ್ಲಿ ಅರ್ಧ ನಿಮಗೆ ಎಂದಿದ್ದಾರೆ. ಆದರೆ ದೊಡ್ಡ ಕಂಪನಿಯ ಫೈಬರ್ ಊರ ಬಾಗಿಲಿಗೆ ಬಂದಾಗಿದೆ, 399ಕ್ಕೆ ಕೊಡುತ್ತಾರಂತೆ. ನಾವು 299ಕ್ಕೆ ಕೊಟ್ಟರೆ ಉಳಿಯುತ್ತೇವಾ? ಈ ವಯಸ್ಸಿನಲ್ಲಿ ಸಾಲ ಮಾಡಲು ಹೆದರಿಕೆ.

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. 640 ಮನೆ 270 ಆಗುವುದು ಅಂದರೆ ಏನು ಅಂತ ನನಗೆ ಗೊತ್ತು. ವಸೂಲಿಗೆ ಹೋದ ಹುಡುಗ ವಾಪಸ್ ಬಂದು ಮೇಜಿನ ಮೇಲೆ ಮೂರು ಸೆಟ್‌ಟಾಪ್ ಬಾಕ್ಸ್ ಇಟ್ಟು ಸುಮ್ನೆ ನಿಂತುಕೊಳ್ಳುತ್ತಾನಲ್ಲ, ಆ ಸಂಜೆಗಳನ್ನು ನಾನೂ ಕಂಡಿದ್ದೇನೆ.

ಮೊದಲು ಒಂದು ಮಾತು. ಆ 370 ಮನೆಯವರು ನಿಮ್ಮನ್ನು ಬಿಟ್ಟು ಹೋಗಿಲ್ಲ, ಟಿವಿಗೆ ತಿಂಗಳ ದುಡ್ಡು ಕೊಡುವುದನ್ನೇ ಬಿಟ್ಟಿದ್ದಾರೆ. ಒಂದಷ್ಟು ಜನ ಡಿಡಿ ಫ್ರೀ ಡಿಶ್ ಹಾಕಿಕೊಂಡರು. ಅದಕ್ಕೆ ತಿಂಗಳ ಬಾಡಿಗೆ ಇಲ್ಲ, ಚಂದನವೂ ಬರುತ್ತದೆ. ಉಳಿದವರು 2016ರ ಸೆಪ್ಟೆಂಬರ್‌ನಲ್ಲಿ ಜಿಯೊ ಬಂದ ಮೇಲೆ ನಿಧಾನಕ್ಕೆ ಫೋನಿಗೆ ಹೋದರು. ನಮಗೆ ಹೊಡೆತ ಕೊಟ್ಟ ಡಿಟಿಎಚ್‌ನವರ ಕಥೆಯೂ ಈಗ ಅದೇ. ದೇಶದಲ್ಲಿ 7 ಕೋಟಿ ದಾಟಿದ್ದ ಅವರ ಮನೆಗಳು 6 ಕೋಟಿಗಿಂತ ಕೆಳಗೆ ಇಳಿದಿವೆ. ಅದೇ ಹೊತ್ತಿನಲ್ಲಿ ತಂತಿಯ ಇಂಟರ್‌ನೆಟ್ ಇರುವ ಸಂಪರ್ಕಗಳು 2019ರ ಕೊನೆಗೆ 2 ಕೋಟಿಯ ಆಸುಪಾಸು ಇದ್ದವು, 2025ಕ್ಕೆ 4 ಕೋಟಿ ದಾಟಿದವು. ನಿಮ್ಮ ಮಗ ಹೇಳುತ್ತಿರುವುದು ಸರಿ.

ಈಗ ಒಂದು ಕಾಗದ ತಗೊಳ್ಳಿ. ಒಂದು ಮನೆಯಿಂದ ತಿಂಗಳಿಗೆ ನಿಮ್ಮ ಕೈಗೆ ಎಷ್ಟು ಉಳಿಯುತ್ತದೆ ಅಂತ ಬರೆಯಿರಿ. ವಸೂಲಾದ ದುಡ್ಡಲ್ಲ, ಉಳಿದ ದುಡ್ಡು. ಅನಲಾಗ್ ಕಾಲದಲ್ಲಿ ಎಷ್ಟು ಮನೆ ಇದೆ ಅನ್ನುವುದಕ್ಕೆ ಆಪರೇಟರ್ ಹೇಳಿದ್ದೇ ಲೆಕ್ಕ. ಬಾಕ್ಸ್ ಬಂದ ಮೇಲೆ ಪ್ರತಿ ಮನೆಯೂ ಕಂಟ್ರೋಲ್ ರೂಮಿನ, ಅಂದರೆ ನಮಗೆ ಸಿಗ್ನಲ್ ಕೊಡುವ ದೊಡ್ಡ ಕೇಬಲ್ ಕಂಪನಿಯ ಕಂಪ್ಯೂಟರ್‌ನಲ್ಲಿ ಕಾಣುತ್ತದೆ. 2019ರ ಫೆಬ್ರವರಿಯಿಂದ ಟ್ರಾಯ್ (ಫೋನ್, ಟಿವಿ ವ್ಯವಹಾರಕ್ಕೆ ನಿಯಮ ಮಾಡುವ ಸರ್ಕಾರಿ ಸಂಸ್ಥೆ) ನಿಯಮದಂತೆ ಸಂಪರ್ಕ ಶುಲ್ಕ ಹೆಚ್ಚೆಂದರೆ 130 ರೂಪಾಯಿ, ಚಾನೆಲ್ ದುಡ್ಡು ಬೇರೆ. ಆ 130ರ ಮಿತಿಯನ್ನು 2024ರ ಜುಲೈನಲ್ಲಿ ತೆಗೆದಿದ್ದಾರೆ, ಆದರೂ ಲೆಕ್ಕಕ್ಕೆ ಅದನ್ನೇ ಇಟ್ಟುಕೊಳ್ಳೋಣ. ಬೇರೆ ಒಪ್ಪಂದ ಮಾಡಿಕೊಳ್ಳದಿದ್ದರೆ ಅದರಲ್ಲಿ ನೂರಕ್ಕೆ 55 ಕಂಟ್ರೋಲ್ ರೂಮಿನವರಿಗೆ, 45 ನಮಗೆ. ಅಂದರೆ 58 ರೂಪಾಯಿ 50 ಪೈಸೆ. ಚಾನೆಲ್ ದುಡ್ಡಿನಲ್ಲಿ ಕಂಟ್ರೋಲ್ ರೂಮಿನವರು, ನಾವು ಸೇರಿ ವಿತರಕರ ಪಾಲು ನೂರಕ್ಕೆ 20, ಅದರಲ್ಲಿ ನಮ್ಮದು ಮತ್ತೆ 45. ಮನೆಯವರು 100 ರೂಪಾಯಿಯ ಚಾನೆಲ್ ಹಾಕಿಸಿಕೊಂಡರೆ ನಮಗೆ 9 ರೂಪಾಯಿ. ಒಟ್ಟು 67 ರೂಪಾಯಿ 50 ಪೈಸೆ. 270 ಮನೆಗೆ ತಿಂಗಳಿಗೆ 18,225. ಇದರಲ್ಲೇ ಹುಡುಗನ ಸಂಬಳ, ಪೆಟ್ರೋಲ್, ಕಂಬದ ಬಾಡಿಗೆ, ತಂತಿ, ಕರೆಂಟ್ ಬಿಲ್.

ಇನ್ನು ನೆಟ್. 399ರ ಪ್ಲಾನಿನಲ್ಲಿ ಅರ್ಧ ಅಂದರೆ 199 ರೂಪಾಯಿ 50 ಪೈಸೆ. ಒಂದು ನೆಟ್ ಮನೆ ಮೂರು ಕೇಬಲ್ ಮನೆಗೆ ಸಮ. ಈ ವ್ಯವಹಾರದಲ್ಲಿ ಆದಾಯ ಬೆಳೆಯುವ ಜಾಗ ಇದೇ, ಬೇರೆ ಕಡೆ ಹುಡುಕಬೇಡಿ.

ಆದರೆ 299 ಬೇಡ. 399ಕ್ಕೆ 100 ಮನೆ ಹಾಕಿದರೆ ನಿಮಗೆ 19,950. 299ಕ್ಕೆ ಕೊಟ್ಟು 130 ಮನೆ ಮಾಡಿದರೂ ಬರುವುದು 19,435. ಮೂವತ್ತು ಮನೆಗೆ ಜಾಸ್ತಿ ವೈರ್ ಎಳೆದಿರಿ, ಮೂವತ್ತು ಓಎನ್‌ಯು (ಮನೆಯೊಳಗೆ ಇಡುವ ಫೈಬರ್ ಪೆಟ್ಟಿಗೆ) ಜಾಸ್ತಿ ಕೊಂಡಿರಿ, ಮೂವತ್ತು ಮನೆಯ ದೂರು ಜಾಸ್ತಿ ಕೇಳಿದಿರಿ, ಕೈಗೆ ಬಂದದ್ದು ಕಡಿಮೆ. ರೇಟ್ ಇಳಿಸುವ ಆಟದಲ್ಲಿ ದೊಡ್ಡವರು ಮೂರು ವರ್ಷ ನಷ್ಟ ತಡೆಯುತ್ತಾರೆ. ನಾವು ಮೂರು ತಿಂಗಳು ತಡೆಯುವುದಿಲ್ಲ.

ಹಾಗಾದರೆ ಜನ ನಿಮ್ಮ ಹತ್ತಿರ ಯಾಕೆ ಇರಬೇಕು? ನನ್ನ ಊರಿನದ್ದೇ ಹೇಳುತ್ತೇನೆ. ನನಗೆ 210 ನೆಟ್ ಮನೆ ಇದ್ದಾಗ ಒಂದು ದೊಡ್ಡ ಕಂಪನಿ ನಮ್ಮ ಬೀದಿಗೆ ಬಂತು. ಎರಡು ತಿಂಗಳಲ್ಲಿ 41 ಮನೆ ಹೋದವು. ನಾನು ರೇಟ್ ಮುಟ್ಟಲಿಲ್ಲ. ಬೆಳಿಗ್ಗೆ ಬಂದ ದೂರು ಅವತ್ತೇ ರಾತ್ರಿ ಒಳಗೆ ಮುಗಿಯಬೇಕು ಅಂತ ಹುಡುಗರಿಗೆ ಹೇಳಿ, ಒಂದು ನೋಟ್‌ಬುಕ್ಕಿನಲ್ಲಿ ದೂರು ಬಂದ ಹೊತ್ತು, ಸರಿಯಾದ ಹೊತ್ತು ಎರಡನ್ನೂ ಬರೆಸಿದೆ. ವರ್ಷ ತುಂಬುವುದರೊಳಗೆ 23 ಮನೆ ವಾಪಸ್ ಬಂದವು. ಬಂದವರಲ್ಲಿ ಒಬ್ಬ ಟೈಲರ್ ಹೇಳಿದ್ದು ಇಷ್ಟೇ: 'ನಿಮ್ಮ ಹುಡುಗನ ಮನೆ ನನಗೆ ಗೊತ್ತು.'

ದೂರು ಬೇಗ ಮುಗಿಯಬೇಕಾದರೆ ಕೆಲಸ ಮೊದಲೇ ನೀಟಾಗಿರಬೇಕು. ಫೈಬರ್‌ನಲ್ಲಿ ಬೆಳಕನ್ನು ಎರಡು ಮಾಡಿದಾಗಲೆಲ್ಲ ಅದರ ಬಲ ಅರ್ಧಕ್ಕೆ ಇಳಿಯುತ್ತದೆ. ಓಎಲ್‌ಟಿಯ (ಫೈಬರ್‌ಗೆ ಬೆಳಕು ಕಳಿಸುವ ನಮ್ಮ ಕಡೆಯ ಪೆಟ್ಟಿಗೆ) ಒಂದು ಪೋರ್ಟಿನಿಂದ 64 ಮನೆಗೆ ಕೊಡಬಹುದು ಅಂತ ಮಾರುವವರು ಹೇಳುತ್ತಾರೆ. ನೀವು 32ಕ್ಕೆ ನಿಲ್ಲಿಸಿ. ಮನೆಯ ಒಳಗೆ ಬೆಳಕಿನ ಬಲ ಅಳೆಯುವ ಪವರ್ ಮೀಟರ್ ಇಟ್ಟಾಗ ಮೈನಸ್ 20ರಿಂದ 23 ಡಿಬಿಎಂ ಬಂದರೆ ನೆಮ್ಮದಿ. ಮೈನಸ್ 27 ಬಂದರೆ ಅವತ್ತು ನೆಟ್ ಓಡುತ್ತದೆ, ಮೊದಲ ಮಳೆಗೆ ಕೆಂಪು ದೀಪ ಹತ್ತುತ್ತದೆ. ಓಡುತ್ತಿದೆಯಲ್ಲ ಅಂತ ಹುಡುಗ ಗಾಡಿ ಹತ್ತಬಾರದು. ಕನೆಕ್ಟರ್ ಒರೆಸಿ, ಜಾಯಿಂಟ್ ಮತ್ತೆ ಹೊಡೆದು, ಮೀಟರ್ ನೋಡಿಯೇ ಬರಬೇಕು. ಇನ್ನೊಂದು, ರಾತ್ರಿ 8ರಿಂದ 11. ಎಲ್ಲರೂ ಒಟ್ಟಿಗೆ ನೋಡುವ ಹೊತ್ತು ಅದು. ನನ್ನ ಅನುಭವದಲ್ಲಿ ಆಗ ಮನೆಗೆ ಸರಾಸರಿ 2ರಿಂದ 3 ಎಂಬಿಪಿಎಸ್ ಬೇಕು. ನಿಮ್ಮ ಐಎಸ್‌ಪಿಯಿಂದ ಬರುವ ಲೈನ್ ಅಷ್ಟನ್ನು ತಡೆಯುತ್ತದಾ ಅಂತ ಕ್ರಿಕೆಟ್ ಮ್ಯಾಚ್ ಇರುವ ರಾತ್ರಿ ನೋಡಿ.

ಸಾಲದ ಬಗ್ಗೆ. ಊರಿಗೆಲ್ಲ ಒಮ್ಮೆಗೇ ಎಳೆಯಬೇಡಿ. ಬೆಂಗಳೂರಿನ ಕೆಲಸವನ್ನು ಮನೆಯಿಂದಲೇ ಮಾಡುವವರು, ಓದುವ ಮಕ್ಕಳು ಇರುವ ಎರಡು ಬೀದಿ ಆರಿಸಿಕೊಳ್ಳಿ. ಒಂದು ಪೋರ್ಟ್, 32 ಮನೆ. ಜಾಯಿಂಟ್ ಹೊಡೆಯುವ ಮಷಿನ್ ಕೊಳ್ಳಬೇಡಿ, ಮೊದಲ ಆರು ತಿಂಗಳು ದಿನಬಾಡಿಗೆಗೆ ತನ್ನಿ. ಆ 32 ಮನೆಯ ದುಡ್ಡಿನಲ್ಲಿ ಮೂರನೇ ಬೀದಿಗೆ ಹೋಗಿ.

ಸಹಿ ಹಾಕುವ ಮುಂಚೆ ಒಪ್ಪಂದ ಪೂರ್ತಿ ಓದಿಸಿ. 'ಅರ್ಧ' ಅಂದರೆ ಯಾವುದರ ಅರ್ಧ? ಸರ್ಕಾರಕ್ಕೆ ಕಟ್ಟುವ ಲೈಸೆನ್ಸ್ ಶುಲ್ಕ ಕಳೆದ ಮೇಲೆಯಾ, ಮುಂಚೆಯಾ? ಬೀದಿಯ ಫೈಬರ್ ಯಾರ ಹೆಸರಿನಲ್ಲಿ? ಆ ಐಎಸ್‌ಪಿಯನ್ನು ನಾಳೆ ಇನ್ನೊಬ್ಬರು ಕೊಂಡರೆ ನಿಮ್ಮ ಪಾಲು ಏನಾಗುತ್ತದೆ? ಇದು ಸುಮ್ನೆ ಹೇಳುವ ಮಾತಲ್ಲ. 2018ರ ಅಕ್ಟೋಬರ್‌ನಲ್ಲಿ ಹಾಥ್‌ವೇ, ಡೆನ್ ಅನ್ನುವ ಎರಡು ದೊಡ್ಡ ಕೇಬಲ್ ಕಂಪನಿಗಳಲ್ಲೂ ದೊಡ್ಡ ಪಾಲು ಕೊಳ್ಳುವುದಾಗಿ ಜಿಯೊದ ಒಡೆಯ ರಿಲಯನ್ಸ್ ಒಂದೇ ದಿನ ಹೇಳಿತು. ರಾತ್ರಿ ಮಲಗಿ ಬೆಳಿಗ್ಗೆ ಏಳುವಷ್ಟರಲ್ಲಿ ಎಷ್ಟೋ ಆಪರೇಟರ್‌ಗಳಿಗೆ ಎದುರಾಳಿಯೇ ಮೇಲಿನವರಾಗುವ ಹಾಗಾಯಿತು. ಕೇಬಲ್ ನೋಂದಣಿಯನ್ನೂ ನೋಡಿಕೊಳ್ಳಿ. ಮೊದಲು ಪ್ರಧಾನ ಅಂಚೆ ಕಚೇರಿಯಲ್ಲಿ ವರ್ಷ ವರ್ಷ ಮಾಡಿಸುತ್ತಿದ್ದೆವು. 2025ರ ಜನವರಿಯಿಂದ ಅದು ಆನ್‌ಲೈನ್ ಆಗಿದೆ, ಒಮ್ಮೆ ಮಾಡಿಸಿದರೆ ಐದು ವರ್ಷ.

ಪ್ರಶ್ನೆ: ಮೈಸೂರಿನಲ್ಲಿ ಬಾಡಿಗೆ ಮನೆ ನಮ್ಮದು. ಜಾಹೀರಾತಿನಲ್ಲಿ 399 ಅಂತ ಇತ್ತು, ನನ್ನಿಂದ 471 ತಗೊಂಡರು. ಮೋಸ ಅಲ್ವಾ?

ಉತ್ತರ: ಮೋಸ ಅಲ್ಲ ತಾಯಿ, 18 ಪರ್ಸೆಂಟ್ ಜಿಎಸ್‌ಟಿ. 399ಕ್ಕೆ ಅದು 71 ರೂಪಾಯಿ 82 ಪೈಸೆ ಆಗುತ್ತದೆ. ಆದರೆ ಜಾಹೀರಾತಿನಲ್ಲೇ ಪೂರ್ತಿ ದುಡ್ಡನ್ನು ದೊಡ್ಡ ಅಕ್ಷರದಲ್ಲಿ ಹಾಕಬೇಕು ಅನ್ನುವುದರಲ್ಲಿ ನಾನು ನಿಮ್ಮ ಪರ. ಆರು ತಿಂಗಳ ದುಡ್ಡು ಮುಂಚೆ ಕಟ್ಟಿ ಅಂದರೆ ಮಾತ್ರ ಯೋಚನೆ ಮಾಡಿ. ಬಾಡಿಗೆ ಮನೆ, ನಡುವೆ ಬಿಟ್ಟರೆ ದುಡ್ಡು ವಾಪಸ್ ಬರುತ್ತದಾ ಅಂತ ಬರವಣಿಗೆಯಲ್ಲಿ ಕೇಳಿ.

ಪ್ರಶ್ನೆ: ನಾನು ನಿವೃತ್ತ ಶಿಕ್ಷಕಿ, ದಾವಣಗೆರೆ. ಸ್ವಲ್ಪ ಷೇರು ಇಟ್ಟುಕೊಂಡಿದ್ದೇನೆ. ಸ್ಪರ್ಧೆಯಿಂದ ಇಂಟರ್‌ನೆಟ್ ದರ ಇಳಿಯುತ್ತಿದೆ ಅನ್ನುತ್ತಾರೆ, ಕಂಪನಿಗಳ ಆದಾಯ ಮಾತ್ರ ಏರುತ್ತಿದೆ. ಇದು ಹೇಗೆ? 'ಆರ್ಪು' ಅಂದರೇನು?

ಉತ್ತರ: ಮೇಡಂ, ಒಬ್ಬ ಗ್ರಾಹಕರಿಂದ ತಿಂಗಳಿಗೆ ಸರಾಸರಿ ಬರುವ ದುಡ್ಡೇ ಆರ್ಪು. ಏರ್‌ಟೆಲ್‌ನ ಮನೆ ಇಂಟರ್‌ನೆಟ್ ವಿಭಾಗ ನೋಡಿ. 2020ರ ಮಾರ್ಚ್ ಹೊತ್ತಿಗೆ ಅವರಿಗೆ ಇದ್ದದ್ದು ಸುಮಾರು 24 ಲಕ್ಷ ಮನೆ, ಮನೆಗೆ ಬರುತ್ತಿದ್ದದ್ದು 800 ರೂಪಾಯಿ ಹತ್ತಿರ. 2025ರ ಮಾರ್ಚ್‌ಗೆ ಮನೆಗಳು ಸುಮಾರು 1 ಕೋಟಿ, ಮನೆಗೆ ಬರುವುದು 540ರ ಹತ್ತಿರ. ಗುಣಿಸಿ ನೋಡಿ. ತಿಂಗಳಿಗೆ 190 ಕೋಟಿ ಚಿಲ್ಲರೆ ಇದ್ದದ್ದು 540 ಕೋಟಿ ಆಸುಪಾಸಿಗೆ ಬಂತು. ಮನೆಯೊಂದರ ದುಡ್ಡು ಮೂರನೇ ಒಂದು ಭಾಗ ಇಳಿದರೂ ಒಟ್ಟು ಆದಾಯ ಎರಡೂವರೆ ಪಟ್ಟಿಗಿಂತ ಜಾಸ್ತಿ ಆಯಿತು.

2019ರ ಸೆಪ್ಟೆಂಬರ್‌ನಲ್ಲಿ ಜಿಯೊ ಫೈಬರ್ 699ರಿಂದ ಶುರುವಾಗಿ, ಮುಂದಿನ ವರ್ಷ 399ಕ್ಕೆ ಬಂದದ್ದು ಎಲ್ಲರ ದರವನ್ನೂ ಎಳೆದು ಕೆಳಗೆ ಹಾಕಿತು. ಅದೇ ಹೊತ್ತಿಗೆ ಕೊರೊನಾ ಬಂದು ಮನೆಯೇ ಶಾಲೆ, ಮನೆಯೇ ಆಫೀಸ್ ಆಯಿತು. ಹಾಗಾಗಿ ಆರ್ಪು ಇಳಿಯಿತು ಅಂತ ಓದಿದ ಕೂಡಲೇ ಗಾಬರಿ ಬೇಡ. ಎಷ್ಟು ಮನೆ ಹೊಸದಾಗಿ ಸೇರಿದವು, ಎಷ್ಟು ಬಿಟ್ಟು ಹೋದವು ಅನ್ನುವ ಎರಡು ಅಂಕಿಗಳನ್ನು ಪಕ್ಕದಲ್ಲಿಟ್ಟು ನೋಡಿ. ಒಂದು ಮನೆಗೆ ವೈರ್, ಓಎನ್‌ಯು, ಕೂಲಿ ಹಾಕಿದ ದುಡ್ಡು ಹುಟ್ಟಲು ತಿಂಗಳುಗಟ್ಟಲೆ ಬೇಕು. ಅಷ್ಟರೊಳಗೆ ಆ ಮನೆ ಬಿಟ್ಟರೆ ಹಾಕಿದವರಿಗೆ ನಷ್ಟವೇ. ಇದು ಅವರಿಗೂ ಅಷ್ಟೇ, ಅರಸೀಕೆರೆಯವರಿಗೂ ಅಷ್ಟೇ.

ಪ್ರಶ್ನೆ: ಶಿರಸಿ ಹತ್ತಿರ ಅಡಿಕೆ ತೋಟದ ಮನೆ. ಫೈಬರ್ ಇದೆ, ಮನೆಯಲ್ಲಿ ಇನ್ವರ್ಟರ್ ಇದೆ. ಆದರೂ ಊರಲ್ಲಿ ಕರೆಂಟ್ ಹೋದರೆ ನೆಟ್ ಹೋಗುತ್ತದೆ. ಏರ್‌ಫೈಬರ್ ಹಾಕಿಸಿದರೆ ವಾಸಿಯಾ?

ಉತ್ತರ: ಹಳೆಯ ಕೇಬಲ್‌ನಲ್ಲಿ ದಾರಿಯುದ್ದಕ್ಕೂ ಆಂಪ್ಲಿಫೈಯರ್‌ಗೆ ಕರೆಂಟ್ ಬೇಕಿತ್ತು. ನಿಮಗೆ ಬಂದಿರುವ ಫೈಬರ್‌ನಲ್ಲಿ ನಡುವೆ ಬೆಳಕನ್ನು ಹಂಚುವ ಸ್ಪ್ಲಿಟರ್‌ಗೆ ಕರೆಂಟ್ ಬೇಡ. ಈ ಕಡೆ ನಿಮ್ಮ ಮನೆ, ಆ ಕಡೆ ಆಪರೇಟರ್ ಹತ್ತಿರದ ಓಎಲ್‌ಟಿ, ಎರಡೇ ಕಡೆ ಬೇಕು. ನಿಮ್ಮ ಕಡೆ ಇನ್ವರ್ಟರ್ ಇದೆ ಅಂದಮೇಲೆ ಸೊರಗಿರುವುದು ಅವರ ಕಡೆಯ ಬ್ಯಾಟರಿ ಇರಬೇಕು. ನಿಮ್ಮ ಸಾಲಿನ ನಾಲ್ಕು ಮನೆಯವರು ಒಟ್ಟಿಗೆ ಹೋಗಿ ಕೇಳಿ. ಏರ್‌ಫೈಬರ್ 5ಜಿ ಟವರಿನಿಂದ ಗಾಳಿಯಲ್ಲಿ ಬರುವುದು. 2023ರಿಂದ ಸಿಗುತ್ತಿದೆ. ತಗ್ಗಿನ ಜಾಗ, ಸುತ್ತ ಮರ ಇದ್ದರೆ ಅದು ಕಷ್ಟಪಡುತ್ತದೆ. ಹಾಕಿಸುವ ಮುಂಚೆ ಮಳೆ ಸುರಿಯುವ ದಿನ ಮಾಡಿನ ಎತ್ತರದಲ್ಲಿ ಫೋನ್ ಹಿಡಿದು 5ಜಿ ಬರುತ್ತದಾ ನೋಡಿ. ಅದು ಬರದಿದ್ದರೆ ಇದೂ ಬರುವುದಿಲ್ಲ. ತೋಟದೊಳಗೆ ಸೋಗೆ ಬಿದ್ದು ಲೈನ್ ಹರಿಯುತ್ತಿದ್ದರೆ ವೈರನ್ನು ಬೇಲಿ ಅಂಚಿಗೆ ಸರಿಸಲು ಹೇಳಿ.

ಪ್ರಶ್ನೆ: ನಾನು ಒಬ್ಬ ಆಪರೇಟರ್ ಹತ್ತಿರ ಫೈಬರ್ ಜಾಯಿಂಟ್ ಕೆಲಸ ಮಾಡುತ್ತೇನೆ. ಎದುರಾಳಿ ಕಡೆಯವರು ರಾತ್ರಿ ನಮ್ಮ ಲೈನ್ ಕತ್ತರಿಸುತ್ತಿದ್ದಾರೆ. ನಮ್ಮ ಮಾಲೀಕರು 'ನೀನೂ ಹೋಗಿ ಅವರದ್ದು ಕತ್ತರಿಸಿ ಬಾ' ಅನ್ನುತ್ತಿದ್ದಾರೆ. ಏನು ಮಾಡಲಿ?

ಉತ್ತರ: ಹೋಗಬೇಡ ಮಗಾ. ಕತ್ತರಿಸಿದವನು ನೀನಾದರೆ ಕೇಸ್ ಮೊದಲು ಬೀಳುವುದು ನಿನ್ನ ಮೇಲೆಯೇ.

ಮೊದಲು ಕತ್ತರಿಸಿದ್ದೇ ಹೌದಾ ನೋಡು. ಅಳಿಲು ಕಡಿದಿದ್ದರೆ ಸಿಪ್ಪೆ ಹಲ್ಲುಹಲ್ಲಾಗಿ ಕಿತ್ತಿರುತ್ತದೆ, ಒಳಗಿನ ದಾರ ಜೋಲಾಡುತ್ತಿರುತ್ತದೆ. ಲಾರಿ ಎಳೆದಿದ್ದರೆ ಎರಡೂ ಕಡೆ ವೈರ್ ಸಣಕಲಾಗಿ ಹಿಗ್ಗಿರುತ್ತದೆ. ಕಟ್ಟರ್ ಹಾಕಿದ್ದರೆ ತುದಿ ಸಪಾಟಾಗಿರುತ್ತದೆ. ಹಾಗಿದ್ದರೆ ಆ ತುಂಡನ್ನು ಎಸೆಯಬೇಡ, ಕಂಬದ ನಂಬರ್ ಕಾಣುವ ಹಾಗೆ ಫೋಟೊ ತೆಗೆದು ಪೊಲೀಸ್ ಠಾಣೆಯಲ್ಲಿ ದೂರು ಕೊಡಿಸು. ವಿದ್ಯುತ್ ಕಂಪನಿಯಿಂದ ಕಂಬಕ್ಕೆ ಒಪ್ಪಿಗೆ ಪತ್ರ ಇದ್ದರೆ ದೂರಿಗೆ ಬಲ. ಅದು ಇದೆಯಾ ಅಂತ ಮಾಲೀಕರನ್ನು ಕೇಳು.

2007ರ ಮಳೆಗಾಲದಲ್ಲಿ ನನಗೂ ಇದೇ ಆಯಿತು. ಒಂದೇ ರಾತ್ರಿ ಮೂರು ಕಡೆ ಮೇನ್ ಲೈನ್ ಕತ್ತರಿಸಿದ್ದರು, 180 ಮನೆ ಕತ್ತಲು. ಎರಡು ಗಂಟೆ ರಾತ್ರಿಯವರೆಗೆ ಛತ್ರಿ ಹಿಡಿದು ಜಾಯಿಂಟ್ ಹಾಕಿದೆವು. ನನಗೆ ಸಿಟ್ಟು ತಲೆಗೆ ಏರಿತ್ತು. ಬೆಳಿಗ್ಗೆ ನಮ್ಮ ಲೈನ್‌ಮನ್, ಅವನಿಗೆ ಆಗ ಇಪ್ಪತ್ತೆರಡು ವರ್ಷ, ನನಗೆ ಹೇಳದೆ ಆ ಕಡೆಯ ಹುಡುಗನನ್ನು ಟೀ ಅಂಗಡಿಗೆ ಕರೆದುಕೊಂಡು ಹೋಗಿದ್ದ. ಇಬ್ಬರೂ ಒಂದೇ ಶಾಲೆಯಲ್ಲಿ ಓದಿದವರು. ಮಧ್ಯಾಹ್ನ ಬಂದು, 'ರಸ್ತೆಯ ಎಡಗಡೆ ಕಂಬ ಅವರದ್ದು, ಬಲಗಡೆ ನಮ್ಮದು ಅಂತ ಮಾತಾಡಿಕೊಂಡಿದ್ದೇವೆ, ನೀವು ಅವರ ಮಾಲೀಕರಿಗೆ ಒಂದು ಫೋನ್ ಮಾಡಿ ಸಾಕು' ಅಂದ. ನಾನು ಮಾಡಿದೆ. ಆಮೇಲೆ ನಮ್ಮ ಏಣಿ ಅವರ ಕಡೆಗೂ ಹೋಗುತ್ತಿತ್ತು, ಅವರ ಟೆಸ್ಟಿಂಗ್ ಮೀಟರ್ ನಮ್ಮ ಕಡೆಗೂ ಬರುತ್ತಿತ್ತು.

ಆ ಕಡೆ ಜಾಯಿಂಟ್ ಹೊಡೆಯುವ ಹುಡುಗ ಯಾರು ಅಂತ ನಿನಗೆ ಗೊತ್ತಿರುತ್ತದೆ. ಮೊದಲು ಅವನಿಗೆ ಫೋನ್ ಮಾಡು.