ಹಳೇ ಸಾಫ್ಟ್ ಸಿಂಥ್‌ಗಳನ್ನು ಅಳಿಸುವ ಮುಂಚೆ

ಹೊಸ ಕಂಪ್ಯೂಟರಿಗೆ ಬಂದ ಮೇಲೆ ಹಳೇ ಸಿಂಥ್ ಪ್ಲಗಿನ್‌ಗಳಲ್ಲಿ (ಸಂಗೀತದ ಸಾಫ್ಟ್‌ವೇರ್ ಒಳಗೆ ಸದ್ದು ಹುಟ್ಟಿಸುವ ವಾದ್ಯಗಳಲ್ಲಿ) ಅರ್ಧಕ್ಕರ್ಧ ಕಾಣುತ್ತಿಲ್ಲ, ಎಲ್ಲ ಅಳಿಸಿ ಹೊಸದನ್ನೇ ಕಲಿಯಲೇ ಎಂದು ಕೇಳಿದ್ದೀರಿ. ದಯವಿಟ್ಟು ಅಳಿಸಬೇಡಿ. ಅವು ಕೆಟ್ಟಿಲ್ಲ. ಬಹುಶಃ ಎಲ್ಲ 32-ಬಿಟ್‌ನವು; ಇಂದಿನ 64-ಬಿಟ್ ಸಾಫ್ಟ್‌ವೇರ್ ಅವನ್ನು ನೇರವಾಗಿ ತೆರೆಯಲಾರದು, ಅಷ್ಟೇ. ವಿಂಡೋಸ್ ಆಗಿದ್ದರೆ ರೀಪರ್ ಎಂಬ ಸಂಗೀತದ ಸಾಫ್ಟ್‌ವೇರ್‌ನಲ್ಲಿ ಹಾಕಿ ನೋಡಿ, 32-ಬಿಟ್‌ನವನ್ನು ನಡೆಸುವ ಬ್ರಿಡ್ಜ್ ಅದರೊಳಗೇ ಇದೆ. ವಿಎಸ್‌ಟಿ2 ಎಂಬ ಹಳೇ ಪ್ಲಗಿನ್ ಮಾದರಿಯನ್ನು ಒಪ್ಪುವ ಬೇರೆ ಸಾಫ್ಟ್‌ವೇರ್ ಆದರೆ ಜೆಬ್ರಿಡ್ಜ್ ಬಳಸಬಹುದು. ಮ್ಯಾಕ್‌ನಲ್ಲಿ 2019ರ ಕ್ಯಾಟಲಿನಾದಿಂದಾಚೆಗೆ 32-ಬಿಟ್ ನಡೆಯುವುದೇ ಇಲ್ಲ, ಹಳೇ ಯಂತ್ರ ಇದ್ದರೆ ಇಟ್ಟುಕೊಳ್ಳಿ.

ಇಷ್ಟು ಪಾಡು ಯಾಕೆ ಅಂದರೆ, ಆ ಸದ್ದಿಗಾಗಿ. 1999ರಲ್ಲಿ ವಿಎಸ್‌ಟಿ 2 ಬಂದು ಪ್ಲಗಿನ್‌ಗೆ ಮಿಡಿ (ಯಾವ ಸ್ವರ, ಯಾವಾಗ ಎಂಬ ಸೂಚನೆ) ಕಳಿಸಿ ನುಡಿಸಲು ಸಾಧ್ಯವಾದಾಗ ಪ್ರೊಸೆಸರ್‌ಗಳು ದುರ್ಬಲವಾಗಿದ್ದವು. ಹಾಗಾಗಿ ಪ್ಲಗಿನ್ ಬರೆದವರು ಪ್ರೊಸೆಸರ್ ಮಾಡುವ ಲೆಕ್ಕಾಚಾರ ಉಳಿಸಬೇಕಿತ್ತು. ಅದರ ಗುರುತೇ ಅಲಿಯಾಸಿಂಗ್, ಅಂದರೆ ಹಿಡಿಯಲಾಗದಷ್ಟು ಎತ್ತರದ ದನಿ ತಪ್ಪು ಜಾಗದಲ್ಲಿ ಕೇಳುವುದು. 44,100 ಹರ್ಟ್ಸ್ ಸ್ಯಾಂಪಲ್ ರೇಟ್‌ನಲ್ಲಿ ಕೆಲಸ ಮಾಡುವಾಗ ಅದರ ಅರ್ಧಕ್ಕಿಂತ ಮೇಲೆ, 30,000ದಲ್ಲಿ, ಹಾರ್ಮೋನಿಕ್ (ಸ್ವರದ ಮೇಲಿನ ಉಪದನಿ) ಹುಟ್ಟಿದರೆ ಅದು ಮಡಿಸಿಕೊಂಡು 14,100ರಲ್ಲಿ ಕೇಳುತ್ತದೆ, ಸ್ವರಕ್ಕೆ ಸಂಬಂಧವೇ ಇಲ್ಲದ ಕಡೆ. ಮೇಲಿನ ಆಕ್ಟೇವ್‌ನಲ್ಲಿ ಸಾಟೂತ್ (ಗರಗಸದ ಹಲ್ಲಿನಂಥ) ಅಲೆ ಹಿಡಿದು ಪಿಚ್ ಬೆಂಡ್ ಮಾಡಿ: ಸ್ವರ ಮೇಲೇರುವಾಗ ಇನ್ನೊಂದು ದನಿ ಕೆಳಗಿಳಿಯುತ್ತದೆ. ಮುಖ್ಯ ರಾಗ ನುಡಿಸುವ ಲೀಡ್‌ಗೆ ಇದು ಕಿವಿ ಚುಚ್ಚಬಹುದು. ಪ್ರಾಜೆಕ್ಟನ್ನು 96 ಕಿಲೋಹರ್ಟ್ಸ್‌ನಲ್ಲಿ ರೆಂಡರ್ ಮಾಡಿದರೆ (ಆಡಿಯೋ ಫೈಲ್ ಆಗಿ ಹೊರತೆಗೆದರೆ) ತಗ್ಗುತ್ತದೆ. ಆದರೆ ಫಿಲ್ಟರ್ ಅರ್ಧ ಮುಚ್ಚಿದ ಪ್ಯಾಡ್‌ನಲ್ಲಿ (ಹಿನ್ನೆಲೆಯ ಉದ್ದನೆಯ ದನಿಯಲ್ಲಿ), ತಾಳಕ್ಕೆ ಕಟ್ಟಿದ ಆರ್ಪೆಜಿಯೊದಲ್ಲಿ (ಒಂದೊಂದೇ ಸ್ವರವಾಗಿ ಬಿಡಿಸಿ ನುಡಿಸುವ ಕಾರ್ಡ್‌ನಲ್ಲಿ) ಆ ಒರಟುತನ ನನಗೆ ತುಂಬ ಇಷ್ಟ. ಹೊಸ ಸಿಂಥ್‌ನ ನುಣುಪಿನ ಪಕ್ಕ ಅದು ಮಿಕ್ಸ್‌ನಲ್ಲಿ ತನ್ನ ಜಾಗ ತಾನೇ ಹುಡುಕಿಕೊಳ್ಳುತ್ತದೆ.

ಕೆಲವಕ್ಕೆ ಬ್ರಿಡ್ಜೂ ಬೇಕಿಲ್ಲ. ಇಚಿರೊ ತೋಡಾ ಉಚಿತವಾಗಿ ಕೊಟ್ಟ ಸಿಂಥ್1 ನಾರ್ಡ್ ಲೀಡ್ 2 ಎಂಬ ಕೀಬೋರ್ಡ್ ಸಿಂಥ್‌ನ ಮಾದರಿಯದು, 64-ಬಿಟ್‌ನಲ್ಲೂ ಸಿಗುತ್ತದೆ. ಸರ್ಜ್ ಎಂಬ ಸಿಂಥ್ 2018ರಲ್ಲಿ ಮುಕ್ತ ಆಕರವಾಯಿತು, ಈಗ ಸರ್ಜ್ ಎಕ್ಸ್‌ಟಿ ಆಗಿ ಬೆಳೆದಿದೆ. ಯಮಾಹಾ ಡಿಎಕ್ಸ್7 ಕೀಬೋರ್ಡಿನ ಟೋನ್‌ಗಳಿರುವ ಸಿಸ್‌ಎಕ್ಸ್ ಫೈಲ್‌ಗಳಿದ್ದರೆ ಡೆಕ್ಸ್ಡ್ ಎಂಬ ಪ್ಲಗಿನ್ ಹಾಗೇ ಓದುತ್ತದೆ.

ಒಂದು ಮಾತು ಮಾತ್ರ ಮರೆಯಬೇಡಿ. ನನ್ನದೇ ಹಳೇ ಹಾಡೊಂದನ್ನು ತೆರೆದಾಗ ಪ್ಯಾಡ್ ಟ್ರ್ಯಾಕ್ ಮೌನವಾಗಿತ್ತು. ಮಿಡಿ ಇತ್ತು, ಆದರೆ ಸಿಂಥ್‌ನ ಲೈಸೆನ್ಸ್ ಒಪ್ಪಿಸುವ ಸರ್ವರ್ರೇ ನಿಂತುಹೋಗಿತ್ತು. ಆ ಟೋನ್ ಮತ್ತೆ ಸಿಗಲಿಲ್ಲ, ಈಗಲೂ ಬೇಸರವಿದೆ. ಅದಕ್ಕೇ ಹಳೇ ಸಿಂಥ್ ಬಳಸಿದ ದಿನವೇ ಆ ಟ್ರ್ಯಾಕನ್ನು 24-ಬಿಟ್ ವೇವ್ ಆಗಿ, ರಿವರ್ಬ್ ಇಲ್ಲದೆ ಒಮ್ಮೆ, ಇರುವಂತೆಯೇ ಒಮ್ಮೆ ರೆಂಡರ್ ಮಾಡಿ. ಮಿಡಿ, ಪ್ರಿಸೆಟ್, ಇನ್‌ಸ್ಟಾಲರ್ ಮೂರನ್ನೂ ಅದೇ ಫೋಲ್ಡರ್‌ನಲ್ಲಿಡಿ.

ಕಾಣದಿರುವ ಪ್ಲಗಿನ್‌ಗಳ ಹೆಸರುಗಳನ್ನು ಇಲ್ಲೇ ಬರೆಯಿರಿ. ಯಾವುದಕ್ಕೆ ಹೊಸ ಆವೃತ್ತಿ ಇದೆ, ಯಾವುದಕ್ಕೆ ಬ್ರಿಡ್ಜ್ ಬೇಕು ಎಂದು ಒಂದೊಂದಾಗಿ ನೋಡೋಣ.